ಓಟ್ಸು, ಸುಕೇಳಿ ಮತ್ತು ಮನೆಯ ಭಟ್ಟಿ

(ಬಾನುಲಿ ಭಾಷಣ)



ಹಣ್ಣು ಮತ್ತು ಓಟ್ಸ್ ಸೇರಿಸಿ ಮನೆಯಲ್ಲೇ ಬೇಯಿಸುವ ಮೆತ್ತನೆಯ ಕುಕಿಯ ಬಗ್ಗೆ ಇವತ್ತು ನಾಲ್ಕು ಮಾತು ಹೇಳುತ್ತೇನೆ. ಗರಿಗರಿಯಾದ ಬಿಸ್ಕೆಟ್ ಬೇಕಿದ್ದರೆ ಅಂಗಡಿಯಲ್ಲಿ ಧಾರಾಳ ಸಿಗುತ್ತದೆ, ಬೇಕಾದಷ್ಟು ಬಗೆಯದು ಸಿಗುತ್ತದೆ. ಹಣ್ಣಿನ ತೇವ ಉಳಿದಿರುವ, ಹಲ್ಲಿಲ್ಲದವರೂ ತಿನ್ನಬಹುದಾದ ಮೆತ್ತನೆಯ ಕುಕಿ ಬೇಕಿದ್ದರೆ ಮಾತ್ರ ಅದನ್ನು ಮನೆಯಲ್ಲೇ ಮಾಡಿಕೊಳ್ಳಬೇಕು. ಯಾಕೆ ಹಾಗೆ ಎಂಬುದು ತಿಳಿದರೆ ಅರ್ಧ ಕೆಲಸ ಕಲಿತ ಹಾಗೆಯೇ.

ನಾನಿರುವುದು ದಹಿಸರಿನಲ್ಲಿ. ಪಶ್ಚಿಮ ರೈಲು ಮಾರ್ಗದಲ್ಲಿ ಮುಂಬಯಿ ಮಹಾನಗರಪಾಲಿಕೆಯ ಎಲ್ಲೆ ಮುಗಿಯುವುದು ಇಲ್ಲಿ. ಮುಂದಿನ ನಿಲ್ದಾಣ ಮೀರಾ ರೋಡ್, ಅದು ಠಾಣೆ ಜಿಲ್ಲೆಗೆ ಸೇರಿದ್ದು. ಭಾಯಂದರಿನ ಖಾಡಿ ದಾಟಿದರೆ ವಸಾಯಿ, ವಿರಾರ್. ಇನ್ನೂ ಉತ್ತರಕ್ಕೆ ಹೋದರೆ ಪಾಲ್ಘರ್, ಡಹಾಣು, ಘೋಲ್ವಡ್. ಉಡುಪಿ, ಕುಂದಾಪುರ, ಮಂಗಳೂರು ಕಡೆಯಿಂದ ಬಂದು ನೆಲೆಸಿದ ಕನ್ನಡ, ತುಳು ಮನೆಗಳು ಈ ಭಾಗದಲ್ಲಿ ಬಹಳ. ಎದುರು ಬಾಗಿಲಲ್ಲಿ ಗುಜರಾತಿ ಬೆನ್, ಮೇಲಿನ ಮಹಡಿಯಲ್ಲಿ ಮರಾಠಿ ಕಾಕು. ಮೆಟ್ರೋದಲ್ಲಿ ಕಾಂದರ್‌ಪಾಡಾ ದಾಟಿ ಒಂದು ನಿಲ್ದಾಣ ಹೋದರೆ ಬೊರಿವಲಿಯ ಐ.ಸಿ. ಕಾಲನಿ. ಅಲ್ಲಿ ಕ್ರಿಸ್‌ಮಸ್ ಬಂತೆಂದರೆ ಗೋವಾದವರ, ಮಂಗಳೂರಿನವರ ಮನೆಗಳಲ್ಲಿ ಕುಸ್ವಾರ್ ಎಂಬ ಹಬ್ಬದ ತಿಂಡಿಗಳ ತಯಾರಿ ಜೋರಾಗಿ ನಡೆಯುತ್ತದೆ. ಇಂಥ ಊರಿನಲ್ಲಿ ಬೇಕರಿಯ ತಿಂಡಿ ಯಾರಿಗೂ ಹೊಸತಲ್ಲ. ಓವನ್ನು ಮಾತ್ರ ಅಡುಗೆಮನೆಗೆ ಬಂದದ್ದು ತಡವಾಗಿ.

ಅದಕ್ಕೆ ಮುಂಚೆ ಮುಂಬಯಿಯಲ್ಲಿ ಒಂದು ಒಳ್ಳೆಯ ಪದ್ಧತಿ ಇತ್ತು. ಹಳಬರಿಗೆ ನೆನಪಿರಬಹುದು. ದೀಪಾವಳಿ ಹತ್ತಿರ ಬರುತ್ತಿದ್ದಂತೆ ಚಾಳಿನ ಹೆಂಗಸರು ಮೈದಾ, ರವೆ, ಸಕ್ಕರೆ, ತುಪ್ಪ ಅಥವಾ ಡಾಲ್ಡಾ ಎಲ್ಲವನ್ನೂ ಡಬ್ಬಿಗಳಲ್ಲಿ ತುಂಬಿಕೊಂಡು ಹತ್ತಿರದ ಬೇಕರಿಗೆ ಹೋಗುತ್ತಿದ್ದರು. ಪಾವ್ ಬೇಯಿಸಿ ಮುಗಿದ ಮೇಲೆ ಭಟ್ಟಿಯಲ್ಲಿ ಉಳಿಯುವ ಹದವಾದ ಕಾವಿನಲ್ಲಿ ನಾನ್‌ಖಟಾಯಿ ಬೇಯುತ್ತಿತ್ತು. ಬೇಕರಿಯವನಿಗೆ ಕೊಡುವುದು ಬೇಯಿಸಿದ ಕೂಲಿ ಮಾತ್ರ. ಸಾಮಾನು ನಮ್ಮದು, ಅಳತೆ ನಮ್ಮದು, ಕಬ್ಬಿಣದ ತಟ್ಟೆ ಮತ್ತು ಬೆಂಕಿ ಅವನದು. ಸರದಿಯಲ್ಲಿ ನಿಂತು ಬೆಂದದ್ದನ್ನು ಅದೇ ಡಬ್ಬಿಗೆ ತುಂಬಿಸಿಕೊಂಡು ಮನೆಗೆ ತರುತ್ತಿದ್ದರು. ಮನೆಯ ಸಾಮಾನಿನ ಮೇಲೆ ಮನೆಯವರ ಕಣ್ಣು ಕೊನೆಯವರೆಗೂ ಇರುತ್ತಿತ್ತು. ಆ ಪದ್ಧತಿಯಲ್ಲಿ ನನಗೆ ತುಂಬ ಹಿಡಿಸುವುದು ಇದೇ.

ಆ ಸೌದೆ ಭಟ್ಟಿಗಳ ಕಾಲ ಈಗ ಮುಗಿಯುತ್ತ ಬಂದಿದೆ. 2025ರ ಜನವರಿಯಲ್ಲಿ ಮುಂಬಯಿ ಹೈಕೋರ್ಟು, ನಗರದ ಗಾಳಿ ಕೆಡುತ್ತಿರುವುದನ್ನು ಗಮನಿಸಿ, ಸೌದೆ ಮತ್ತು ಕಲ್ಲಿದ್ದಲು ಉರಿಸುವ ಬೇಕರಿಗಳು ಆರು ತಿಂಗಳೊಳಗೆ ಗ್ಯಾಸಿಗೋ ಬೇರೆ ಶುದ್ಧ ಇಂಧನಕ್ಕೋ ಬದಲಾಗಬೇಕೆಂದು ಹೇಳಿತು. ಹಳೆಯ ಬೇಕರಿಗಳವರಿಗೆ ಇದು ಸುಲಭದ ಮಾತಲ್ಲ. ಭಟ್ಟಿಯ ಇಟ್ಟಿಗೆ ಗೋಡೆ ತಾಸುಗಟ್ಟಲೆ ಕಾವು ಹಿಡಿದಿಡುತ್ತದೆ, ಪಾವಿಗೆ ಬರುವ ಆ ರುಚಿಯಲ್ಲಿ ಅದರ ಪಾಲೂ ಇದೆ. ಆದರೆ ಹೊಗೆ ಕುಡಿಯುವ ಅಕ್ಕಪಕ್ಕದ ಮಕ್ಕಳ ಎದೆಯೂ ಮುಖ್ಯ. ಕೋರ್ಟು ಹೇಳಿದ್ದು ಸರಿ ಎಂದೇ ನನ್ನ ಅಭಿಪ್ರಾಯ.

ಬೇಕರಿಯ ಮಾತು ಬಂದಾಗ ನಮ್ಮವರನ್ನು ಮರೆಯಬಾರದು. ಹಾಸನ ಜಿಲ್ಲೆಯಿಂದ ಬೆಂಗಳೂರಿಗೆ ಬಂದ ತಿರುಮಲಾಚಾರ್ಯರು 1898ರಲ್ಲಿ ಚಿಕ್ಕಪೇಟೆಯಲ್ಲಿ ಶುರುಮಾಡಿದ ಬಿ.ಬಿ. ಬೇಕರಿಯಿಂದ ಅಯ್ಯಂಗಾರ್ ಬೇಕರಿಗಳ ಪರಂಪರೆ ಬೆಳೆಯಿತು. ಇವತ್ತು ಮುಂಬಯಿಯ ಯಾವ ಉಪನಗರಕ್ಕೆ ಹೋದರೂ ‘ಬೆಂಗಳೂರು ಅಯ್ಯಂಗಾರ್ ಬೇಕರಿ’ ಎಂಬ ಫಲಕ ಕಣ್ಣಿಗೆ ಬೀಳುತ್ತದೆ. ಗಲ್ಲಾದ ಹಿಂದೆ ನಿಂತವರನ್ನು ಕನ್ನಡದಲ್ಲಿ ಮಾತಾಡಿಸಿ ನೋಡಿ, ಹಾಸನದ ಕಡೆಯ ಮಾತು ಎಷ್ಟೋ ಸಲ ಕೇಳಿಬರುತ್ತದೆ. ಮೊಟ್ಟೆಯಿಲ್ಲದ ಬೇಕರಿ ತಿಂಡಿ ಅವರ ಹೆಗ್ಗುರುತು. ಗುಜರಾತಿ, ಜೈನ ಮನೆಗಳು ತುಂಬಿರುವ ನಮ್ಮ ಉಪನಗರಗಳಲ್ಲಿ ಅವರು ಬೇರೂರಲು ಅದೂ ಒಂದು ಕಾರಣ. ನಾನು ಹೇಳಲಿರುವ ಕುಕಿಗೂ ಮೊಟ್ಟೆ ಬೇಡ. ಎದುರು ಮನೆಗೆ ತಟ್ಟೆ ಕಳಿಸುವಾಗ ಯಾವ ಅಳುಕೂ ಇರಬಾರದಲ್ಲ.

ಈಗ ಮೆತ್ತನೆಯ ಕುಕಿಯ ವಿಷಯಕ್ಕೆ ಬರೋಣ. ಕಾರ್ಖಾನೆಯ ಬಿಸ್ಕೆಟ್ ಗರಿಗರಿಯಾಗಿರುವುದು ರುಚಿಗಾಗಿ ಮಾತ್ರವಲ್ಲ. ಅದು ತಿಂಗಳುಗಟ್ಟಲೆ ಗೋದಾಮಿನಲ್ಲಿ, ಲಾರಿಯಲ್ಲಿ, ಅಂಗಡಿಯ ಕಪಾಟಿನಲ್ಲಿ ಕೆಡದೆ ಇರಬೇಕು. ನೀರಿನಂಶ ಇದ್ದಲ್ಲಿ ಬೂಸಲು ಬರುತ್ತದೆ. ಅದಕ್ಕೇ ಬೇಯಿಸುವಾಗ ನೀರನ್ನೆಲ್ಲ ಹೆಚ್ಚುಕಡಿಮೆ ಓಡಿಸಿಬಿಡುತ್ತಾರೆ, ನೂರು ಗ್ರಾಮಿನಲ್ಲಿ ಎರಡು ಮೂರು ಗ್ರಾಮಿನಷ್ಟೇ ಉಳಿದಿರುತ್ತದೆ. ಅಂಥದ್ದರಲ್ಲಿ ನಿಜವಾದ ಹಣ್ಣು ಹಣ್ಣಾಗಿ ಉಳಿಯುವುದು ಕಷ್ಟ. ಮನೆಯ ಕುಕಿ ಎಲ್ಲಿಗೂ ಪ್ರಯಾಣ ಮಾಡಬೇಕಿಲ್ಲ, ಮೂರು ದಿನ ಬಾಳಿದರೆ ಸಾಕು. ಹಾಗಾಗಿ ಅದರಲ್ಲಿ ನೀರು ಉಳಿಯಬಹುದು, ಹಣ್ಣು ಹಣ್ಣಾಗಿಯೇ ಇರಬಹುದು, ಮೆತ್ತಗಿರಬಹುದು.

ನನಗೆ ಇದರ ಬೆಲೆ ಗೊತ್ತಾದದ್ದು ನಮ್ಮ ಅತ್ತೆಯಿಂದ. ಕುಂದಾಪುರದ ಕಡೆಯವರು, ಎಂಬತ್ತು ದಾಟಿದ್ದಾರೆ. ದವಡೆಯ ಹಲ್ಲು ಹೋಗಿ ವರ್ಷಗಳಾದವು. ಸಂಜೆಯ ಚಹಾದ ಜೊತೆ ಯಾರೋ ತಂದುಕೊಟ್ಟ ಓಟ್ಸ್ ಬಿಸ್ಕೆಟನ್ನು ಬಸಿಯಲ್ಲಿಟ್ಟುಕೊಂಡು ಅವರು ಕರೆದರು: “ಇದೆಂಥದು ಮಾರಾಯ್ತಿ, ಚಹಾದಲ್ಲಿ ಅದ್ದಿದರೂ ಮೆತ್ತಗಾಗುವುದಿಲ್ಲವಲ್ಲ! ನಿನಗೆ ಹೋಳಿಗೆ ಮಾಡಲಿಕ್ಕೆ ಬರುತ್ತದೆ, ಇದೊಂದು ಬರುವುದಿಲ್ಲವಾ?” ಅತ್ತೆಯ ಆ ಮಾತಿನಲ್ಲಿ ಒಂದು ಹಕ್ಕೊತ್ತಾಯ ಇತ್ತು. ಹಲ್ಲಿಲ್ಲದವರಿಗೆ ಗಂಜಿ, ಉಪ್ಪಿಟ್ಟು, ಹಾಲಲ್ಲಿ ನೆನೆಸಿದ ಬ್ರೆಡ್ಡು ಎಂದು ನಾವೇ ತೀರ್ಮಾನಿಸಿಬಿಟ್ಟಿರುತ್ತೇವೆ. ಅವರಿಗೂ ಬೆಣ್ಣೆಯ ವಾಸನೆಯ, ಹಣ್ಣಿನ ತುಣುಕು ಸಿಗುವ, ಕೈಯಲ್ಲಿ ಹಿಡಿದು ಕಚ್ಚಿ ತಿನ್ನುವ ತಿಂಡಿ ಬೇಕಿರುತ್ತದೆ. ಈ ಕುಕಿ ನಮ್ಮ ಮನೆಯಲ್ಲಿ ಶುರುವಾದದ್ದೇ ಅವರಿಗಾಗಿ.

ಮೊದಲು ಓಟ್ಸ್ ನೋಡೋಣ. ನಮ್ಮ ದೇಶದ ಉತ್ತರ ಭಾಗದಲ್ಲಿ ಓಟ್ಸನ್ನು ಹೆಚ್ಚಾಗಿ ದನಗಳ ಮೇವಿಗೆಂದು ಬೆಳೆಯುತ್ತಾರೆ. ತಿನ್ನುವ ಓಟ್ಸಿನ ದೊಡ್ಡ ಪಾಲು ಆಸ್ಟ್ರೇಲಿಯಾದಂಥ ದೇಶಗಳಿಂದ ಬರುತ್ತದೆ. ಹೊಟ್ಟು ತೆಗೆದ ಕಾಳನ್ನು ಹಬೆಯಲ್ಲಿ ಬೇಯಿಸಿ, ರೋಲರಿನ ನಡುವೆ ಒತ್ತಿ ಅವಲಕ್ಕಿಯ ಹಾಗೆ ಚಪ್ಪಟೆ ಮಾಡಿದ್ದೇ ರೋಲ್ಡ್ ಓಟ್ಸ್. ಹಬೆ ಕೊಡುವುದಕ್ಕೆ ಒಂದು ಕಾರಣವಿದೆ. ಓಟ್ಸಿನಲ್ಲಿ ಬೇರೆ ಧಾನ್ಯಗಳಿಗಿಂತ ಕೊಬ್ಬು ಜಾಸ್ತಿ, ಆ ಕೊಬ್ಬನ್ನು ಒಡೆಯುವ ಕಿಣ್ವವೂ ಅದರಲ್ಲೇ ಇದೆ. ಹಬೆ ಕೊಟ್ಟು ಆ ಕಿಣ್ವವನ್ನು ಅಡಗಿಸದಿದ್ದರೆ ಸ್ವಲ್ಪ ದಿನದಲ್ಲೇ ಕನರು ವಾಸನೆ ಹಿಡಿದು ಕಹಿಯಾಗುತ್ತದೆ. ಪೊಟ್ಟಣ ಒಡೆದ ಮೇಲೆ ಮುಂಬಯಿಯ ಸೆಕೆಗೆ ಓಟ್ಸನ್ನು ಫ್ರಿಜ್ಜಿನಲ್ಲಿಡಿ. ಮೂಸಿ ನೋಡಿ, ಹಳೆ ಎಣ್ಣೆಯ ವಾಸನೆ ಬಂದರೆ ಕುಕಿಗೆ ಹಾಕಬೇಡಿ.

ಅಂಗಡಿಯಲ್ಲಿ ಎರಡು ಮೂರು ಬಗೆ ಸಿಗುತ್ತವೆ. ಕುಕಿಗೆ ದಪ್ಪ ಹಾಳೆಯ ರೋಲ್ಡ್ ಓಟ್ಸೇ ಬೇಕು. ಕ್ಷಣದಲ್ಲಿ ಬೇಯುವ ಇನ್‌ಸ್ಟಂಟ್ ಓಟ್ಸ್ ಬಹಳ ತೆಳು, ಹಿಟ್ಟಿನಲ್ಲಿ ಕರಗಿ ಅಂಟಾಗುತ್ತದೆ. ನುಚ್ಚಿನಂಥ ಸ್ಟೀಲ್ ಕಟ್ ಓಟ್ಸ್ ಎಷ್ಟು ಬೇಯಿಸಿದರೂ ಹಲ್ಲಿಗೆ ಕಲ್ಲಿನಂತೆ ಸಿಗುತ್ತದೆ. ಮಸಾಲೆ ಹಾಕಿದ್ದಂತೂ ಇಲ್ಲಿ ಬೇಡವೇ ಬೇಡ.

ಕುಕಿಗೆ ಓಟ್ಸ್ ಹಾಕುವ ರೂಢಿ ನಮ್ಮದಲ್ಲ. ಸ್ಕಾಟ್ಲೆಂಡಿನವರು ಶತಮಾನಗಳಿಂದ ಕಾವಲಿಯ ಮೇಲೆ ಓಟ್ಸಿನ ರೊಟ್ಟಿ ಸುಡುತ್ತಿದ್ದರು. ಅಮೆರಿಕದಲ್ಲಿ ಫ್ಯಾನಿ ಫಾರ್ಮರ್ 1896ರಲ್ಲಿ ಪ್ರಕಟಿಸಿದ ಅಡುಗೆ ಪುಸ್ತಕದಲ್ಲಿ ಓಟ್ಸ್ ಕುಕಿಯ ವಿಧಾನ ಬಂತು. ಆಮೇಲೆ ಓಟ್ಸ್ ಕಂಪನಿಗಳು ಡಬ್ಬದ ಮೇಲೇ ವಿಧಾನ ಅಚ್ಚು ಹಾಕಿದವು, ಅದು ಮನೆಮನೆಗೆ ಹೋಯಿತು. ಅಮೆರಿಕದವರು ಅದಕ್ಕೆ ಸೇರಿಸಿದ್ದು ಒಣದ್ರಾಕ್ಷಿ ಮತ್ತು ದಾಲ್ಚಿನ್ನಿ. ನಾವೂ ಅದನ್ನೇ ಸೇರಿಸಬೇಕೆಂದಿಲ್ಲ. ಹಣ್ಣಿನ ಮಟ್ಟಿಗೆ ನಾವು ಅವರಿಗಿಂತ ಭಾಗ್ಯವಂತರು. ದಹಿಸರಿನಲ್ಲಿ ಇರುವವರಂತೂ ಇನ್ನೂ ಒಂದು ಕೈ ಮೇಲೆ.

ಮೊದಲನೆಯದು ವಸಾಯಿಯ ಸುಕೇಳಿ. ವಸಾಯಿ, ಆಗಾಶಿ, ವಿರಾರ್ ಕಡೆಯ ವಾಡಿಗಳಲ್ಲಿ, ಎಂದರೆ ತೋಟಗಳಲ್ಲಿ, ರಾಜೇಳಿ ಎಂಬ ಬಾಳೆ ಬೆಳೆಯುತ್ತಾರೆ, ನಮ್ಮ ಕರಾವಳಿಯ ನೇಂದ್ರಕ್ಕೆ ತೀರ ಹತ್ತಿರದ್ದು. ಹಣ್ಣನ್ನು ಚೆನ್ನಾಗಿ ಮಾಗಿಸಿ, ಸಿಪ್ಪೆ ಸುಲಿದು, ಹಲವು ದಿನ ಬಿಸಿಲಲ್ಲಿ ಮಗುಚಿ ಮಗುಚಿ ಒಣಗಿಸುತ್ತಾರೆ. ಸಕ್ಕರೆ ಇಲ್ಲ, ಬೇರೆ ಏನೂ ಇಲ್ಲ. ಒಣಗಿದ ಹಣ್ಣು ಜೇನಿನ ಬಣ್ಣಕ್ಕೆ ತಿರುಗಿ, ಹೊರಗೆ ತುಸು ಗಟ್ಟಿ, ಒಳಗೆ ಅಂಟಂಟಾಗಿ ಇರುತ್ತದೆ. ಚಾಕುವಿಗೆ ತುಪ್ಪ ಸವರಿ ಸುಕೇಳಿಯನ್ನು ಅಡ್ಡಡ್ಡ ಕೊಯ್ದು ನೋಡಿ. ನಡುವೆ ಬೀಜದ ಜಾಗದಲ್ಲಿ ಕಪ್ಪು ಚುಕ್ಕೆಗಳ ಸಾಲು, ಸುತ್ತ ಹೊಳೆಯುವ ಕಂದು ತಿರುಳು. ಮೂಗಿನ ಹತ್ತಿರ ಹಿಡಿದರೆ ಬೆಲ್ಲ ಕಾಸುವಾಗಿನ ಪರಿಮಳ. ಒಲೆಯ ಕಾವಿಗೆ ಒಡ್ಡಿದಾಗ ಈ ತುಣುಕುಗಳು ಕರಗಿ ಹೋಗುವುದಿಲ್ಲ, ಒಣಗಿ ಕಲ್ಲೂ ಆಗುವುದಿಲ್ಲ. ಕುಕಿಯೊಳಗೆ ಅವು ಮೆತ್ತಗೆ ಕೂತಿರುತ್ತವೆ. ಇದಕ್ಕಿಂತ ಒಳ್ಳೆಯ ಕುಕಿ ಹಣ್ಣು ನಾನು ಕಂಡಿಲ್ಲ.

ಬೇಸರದ ಸಂಗತಿಯೆಂದರೆ ಸುಕೇಳಿ ಮಾಡುವವರು ಕಡಿಮೆಯಾಗುತ್ತಿದ್ದಾರೆ. ವಸಾಯಿಯ ವಾಡಿಗಳ ಜಾಗದಲ್ಲಿ ಕಟ್ಟಡಗಳು ಎದ್ದಿವೆ, ರಾಜೇಳಿ ತೋಟಗಳು ಕುಗ್ಗಿವೆ. ಬಿಸಿಲು ನಂಬಿ ದಿನಗಟ್ಟಲೆ ಕಾಯುವ ಕೆಲಸಕ್ಕೆ ಮಕ್ಕಳು ಮನಸ್ಸು ಮಾಡುವುದಿಲ್ಲ. ನಮ್ಮ ಉತ್ತರ ಕನ್ನಡದಲ್ಲೂ ಬಾಳೆಹಣ್ಣಿನ ಸುಕೇಳಿ ಮಾಡುವ ಮನೆಗಳಿವೆ. ಊರಿಗೆ ಹೋದಾಗ ಶಿರಸಿ ಕಡೆಯಿಂದ ತರಿಸಿಕೊಳ್ಳಬಹುದು. ವಿರಾರ್ ಲೋಕಲ್ ಹತ್ತುವ ನಮಗೆ ಆಗಾಶಿ ಎಷ್ಟು ದೂರ? ಒಂದು ರಜಾದಿನ ಹೋಗಿ ಮಾಡುವವರಿಂದಲೇ ಕೊಂಡು ತನ್ನಿ.

ಎರಡನೆಯದು ಚಿಕ್ಕು. ಡಹಾಣು-ಘೋಲ್ವಡ್ ಚಿಕ್ಕುವಿಗೆ 2016ರಲ್ಲಿ ಭೌಗೋಳಿಕ ಸೂಚಿಕೆಯ ಮಾನ್ಯತೆ ದೊರೆತಿದೆ. ಹಸಿ ಚಿಕ್ಕುವಿನ ತಿರುಳು ಕುಕಿಗೆ ನೀರಾಯಿತು. ಆದರೆ ಅಲ್ಲಿಯವರು ಚಿಕ್ಕುವನ್ನು ಹೋಳು ಮಾಡಿ ಒಣಗಿಸಿಯೂ ಮಾರುತ್ತಾರೆ. ಆ ಒಣ ಹೋಳನ್ನು ಬಿಸಿನೀರಲ್ಲಿ ಹತ್ತು ನಿಮಿಷ ನೆನೆಸಿ, ಹಿಂಡಿ, ಕತ್ತರಿಸಿ ಹಾಕಿದರೆ ರುಚಿ ಬಹಳ ಸೊಗಸು.

ಊರಿನಿಂದ ಬರುವ ಮಾಂಬಳವನ್ನೂ ಮರೆಯಬೇಡಿ. ಚಾಪೆಯ ಮೇಲೆ ಮಾವಿನ ರಸ ಸವರಿ, ಒಣಗಿಸಿ, ಪದರ ಪದರವಾಗಿ ಕಟ್ಟಿದ ಮಾಂಬಳ ಎಷ್ಟೋ ಮನೆಗಳ ಕಪಾಟಿನಲ್ಲಿ ಸುಮ್ಮನೆ ಕೂತಿರುತ್ತದೆ. ಕೊಂಕಣದ ಕಡೆಯವರು ಅದನ್ನೇ ಆಂಬಾಪೋಳಿ ಎನ್ನುತ್ತಾರೆ, ಹಲಸಿನದು ಫಣಸಪೋಳಿ. ಕಡಲೆಬೇಳೆ ಗಾತ್ರಕ್ಕೆ ಕತ್ತರಿಸಿ ಸ್ವಲ್ಪ ಹಾಕಿದರೆ ನಡುನಡುವೆ ಹುಳಿಸಿಹಿ ಸಿಗುತ್ತದೆ. ಒಣದ್ರಾಕ್ಷಿ ಬೇಕಾದರೆ ನಮ್ಮ ವಿಜಯಪುರದ್ದೋ, ಗಡಿಯಾಚೆಯ ಸಾಂಗಲಿ, ತಾಸಗಾಂವದ್ದೋ ತನ್ನಿ. ಹಾಕುವ ಮೊದಲು ಬೆಚ್ಚನೆಯ ನೀರಲ್ಲಿ ತೊಳೆದು, ಕಾಲು ಗಂಟೆ ನೆನೆಸಿ, ಬಟ್ಟೆಯಲ್ಲಿ ಒರೆಸಿ. ಒಣಗಿದ್ದನ್ನು ಹಾಗೆಯೇ ಹಾಕಿದರೆ ಅದು ಹಿಟ್ಟಿನ ನೀರನ್ನು ಹೀರಿಕೊಂಡು ಕುಕಿಯನ್ನು ಒಣಗಿಸುತ್ತದೆ. ಎಲ್ಲ ಒಣಹಣ್ಣಿಗೂ ಇದೇ ನಿಯಮ, ಸುಕೇಳಿಗೆ ಮಾತ್ರ ನೆನೆಸುವುದು ಬೇಡ.

ಇನ್ನು ಅಳತೆ. ಕಾಗದ ಪೆನ್ನು ಇದ್ದವರು ಬರೆದುಕೊಳ್ಳಿ, ನಿಧಾನವಾಗಿ ಹೇಳುತ್ತೇನೆ. ರೋಲ್ಡ್ ಓಟ್ಸ್ 150 ಗ್ರಾಂ. ಗೋಧಿಹಿಟ್ಟು 100 ಗ್ರಾಂ. ಬೆಣ್ಣೆ 100 ಗ್ರಾಂ. ಪುಡಿ ಮಾಡಿ ಜರಡಿ ಹಿಡಿದ ಬೆಲ್ಲ 100 ಗ್ರಾಂ. ಕತ್ತರಿಸಿದ ಹಣ್ಣು ಎಲ್ಲ ಸೇರಿ 100 ಗ್ರಾಂ. ಚೆನ್ನಾಗಿ ಕಳಿತ ಏಲಕ್ಕಿ ಬಾಳೆಹಣ್ಣು ಎರಡು, ಸಿಪ್ಪೆ ತೆಗೆದ ಮೇಲೆ 70, 80 ಗ್ರಾಂ ಆದರೆ ಸಾಕು. ಅಡುಗೆ ಸೋಡಾ ಅರ್ಧ ಟೀ ಚಮಚ. ಏಲಕ್ಕಿ ಪುಡಿ ಅರ್ಧ ಚಮಚ, ಬೇಕಾದರೆ ಚಿಟಿಕೆ ದಾಲ್ಚಿನ್ನಿ. ನಮ್ಮಲ್ಲಿ ಸಾಮಾನ್ಯವಾಗಿ ಸಿಗುವ ಪೊಟ್ಟಣದ ಹಳದಿ ಬೆಣ್ಣೆಯಲ್ಲಿ ಉಪ್ಪು ಮೊದಲೇ ಇರುತ್ತದೆ, ಮತ್ತೆ ಹಾಕಬೇಡಿ. ಮನೆಯಲ್ಲಿ ಕಡೆದ ಬೆಣ್ಣೆಯಾದರೆ ಕಾಲು ಚಮಚ ಉಪ್ಪು ಸೇರಿಸಿ. ಇಷ್ಟರಲ್ಲಿ ಸುಮಾರು ಇಪ್ಪತ್ತು ಕುಕಿ ಆಗುತ್ತವೆ.

ಬಾಳೆಹಣ್ಣು ಇಲ್ಲಿ ಮೊಟ್ಟೆಯ ಕೆಲಸ ಮಾಡುತ್ತದೆ, ಹಿಟ್ಟನ್ನು ಹಿಡಿದಿಡುತ್ತದೆ. ಏಲಕ್ಕಿ ಬಾಳೆಯನ್ನು ಇಲ್ಲಿ ವೇಲ್ಚಿ ಎನ್ನುತ್ತಾರೆ, ವಸಾಯಿ ಕಡೆಯಿಂದಲೂ ಬರುತ್ತದೆ. ಬೆಲ್ಲವನ್ನು ನಾನು ಆರಿಸಿಕೊಂಡದ್ದು ಅಭಿಮಾನಕ್ಕಾಗಿ ಅಲ್ಲ. ಸಕ್ಕರೆ ಬೆಂದು ಆರಿದ ಮೇಲೆ ಮತ್ತೆ ಹರಳುಗಟ್ಟುತ್ತದೆ, ಕುಕಿ ಕಟುಂ ಎನ್ನುವುದು ಅದರಿಂದ. ಬೆಲ್ಲದಲ್ಲಿ ಗ್ಲೂಕೋಸು, ಫ್ರಕ್ಟೋಸುಗಳೂ ಬೆರೆತಿರುತ್ತವೆ. ಅವು ಸುಲಭವಾಗಿ ಹರಳುಗಟ್ಟದೆ ನೀರನ್ನು ಹಿಡಿದುಕೊಳ್ಳುತ್ತವೆ. ಮಳೆಗಾಲದಲ್ಲಿ ಡಬ್ಬಿಯ ಬೆಲ್ಲ ಬೆವರುವುದನ್ನು ನೋಡಿದ್ದೀರಲ್ಲ, ಆ ಗುಣವೇ ಇಲ್ಲಿ ನಮಗೆ ಉಪಕಾರಿ. ಅಲ್ಲದೆ ಬೆಲ್ಲಕ್ಕೂ ಬಾಳೆಹಣ್ಣಿಗೂ ತುಸು ಹುಳಿಯ ಅಂಶವಿದೆ. ಸೋಡಾ ಉಬ್ಬಲು ಅದು ಬೇಕು.

ಬೆಣ್ಣೆ ಕರಗಿರಬಾರದು, ಬೆರಳಿಟ್ಟರೆ ಒಳಗೆ ಇಳಿಯುವಷ್ಟು ಮೆತ್ತಗಿರಬೇಕು. ಬೆಣ್ಣೆ ಬೆಲ್ಲವನ್ನು ಮರದ ಸೌಟಿನಲ್ಲಿ ಬಣ್ಣ ತಿಳಿಯಾಗುವವರೆಗೆ ನಾದಿ. ಕಿವುಚಿದ ಬಾಳೆಹಣ್ಣು ಸೇರಿಸಿ. ಸ್ವಲ್ಪ ಒಡೆದಂತೆ ಕಂಡರೂ ಗಾಬರಿ ಬೇಡ, ಹಿಟ್ಟು ಬಿದ್ದ ಕೂಡಲೇ ಕೂಡಿಕೊಳ್ಳುತ್ತದೆ. ಗೋಧಿಹಿಟ್ಟು, ಸೋಡಾ, ಏಲಕ್ಕಿಯನ್ನು ಒಟ್ಟಿಗೆ ಜರಡಿ ಹಿಡಿದು ಹಾಕಿ, ಓಟ್ಸ್ ಮತ್ತು ಹಣ್ಣು ಸುರಿದು, ಒಂದಾಗುವವರೆಗೆ ಮಾತ್ರ ಕಲಸಿ. ಚಪಾತಿ ಹಿಟ್ಟಿನಂತೆ ನಾದಿದರೆ ಗೋಧಿಯ ಜಿಗುಟು ಎದ್ದು ಕುಕಿ ಗಟ್ಟಿಯಾಗುತ್ತದೆ.

ಆಮೇಲೆ ಮುಚ್ಚಿ ಅರ್ಧ ಗಂಟೆ ಬಿಡಿ. ಬಹಳ ಮಂದಿ ಹಾರಿಸಿಬಿಡುವ ಹಂತ ಇದು, ನನ್ನ ಮಟ್ಟಿಗೆ ಇದಕ್ಕಿಂತ ಮುಖ್ಯವಾದದ್ದು ಇನ್ನೊಂದೇ ಇದೆ. ಒಣ ಓಟ್ಸ್ ಆ ಅರ್ಧ ಗಂಟೆಯಲ್ಲಿ ಬಾಳೆಹಣ್ಣಿನ, ಬೆಲ್ಲದ ನೀರನ್ನು ಹೀರಿ ಮೆತ್ತಗಾಗುತ್ತದೆ. ಕಲಸಿದಾಗ ಕೈಗೆ ಅಂಟುತ್ತಿದ್ದ ಹಿಟ್ಟು ಈಗ ಉಂಡೆಗೆ ಬರುತ್ತದೆ. ಕಾಯದೆ ಬೇಯಿಸಿದರೆ ಹಿಟ್ಟು ತಟ್ಟೆಯಲ್ಲಿ ಹರಡಿಕೊಳ್ಳುತ್ತದೆ, ಓಟ್ಸ್ ಬಾಯಲ್ಲಿ ಹೊಟ್ಟಿನಂತೆ ಸಿಗುತ್ತದೆ.

ಅಷ್ಟರಲ್ಲಿ ಓವನ್ನನ್ನು 170 ಡಿಗ್ರಿಗೆ ಇಟ್ಟು ಹತ್ತು ನಿಮಿಷ ಕಾಯಿಸಿ. ಸಣ್ಣ ನಿಂಬೆಹಣ್ಣಿನಷ್ಟು ಉಂಡೆ ಮಾಡಿ, ಬಟರ್ ಪೇಪರ್ ಹಾಸಿದ ಟ್ರೇ ಮೇಲೆ ಎರಡು ಬೆರಳು ಅಂತರ ಬಿಟ್ಟು ಇಟ್ಟು, ಅಂಗೈಯಿಂದ ಅರ್ಧ ಇಂಚು ದಪ್ಪಕ್ಕೆ ತಟ್ಟಿ. ಬಾಳೆಹಣ್ಣಿನ ಹಿಟ್ಟು ತಾನಾಗಿ ಹೆಚ್ಚು ಹರಡುವುದಿಲ್ಲ. ನಡುವಿನ ಹಲಗೆಯಲ್ಲಿಟ್ಟು 13ರಿಂದ 15 ನಿಮಿಷ. ಮನೆಯ ಸಣ್ಣ ಓವನ್ನುಗಳ ಗುಂಡಿ ತೋರಿಸುವುದು ಒಂದು, ಒಳಗಿನ ಕಾವು ಇನ್ನೊಂದು. ಅದಕ್ಕೇ ಹತ್ತನೇ ನಿಮಿಷದಿಂದ ಗಾಜಿನ ಬಾಗಿಲ ಮುಂದೆ ಇರಿ.

ಮುಖ್ಯವಾದ ಆ ಇನ್ನೊಂದು ಮಾತು ಇದು: ಬೆಂದಿಲ್ಲ ಎಂದು ಕಾಣುವಾಗಲೇ ಹೊರಗೆ ತೆಗೆಯಬೇಕು. ಅಂಚು ಕಂದಾಗಿರಬೇಕು, ಬೆರಳಿಗೆ ಗಟ್ಟಿ ಸಿಗಬೇಕು. ನಡುಭಾಗ ಇನ್ನೂ ತಿಳಿ ಬಣ್ಣದಲ್ಲಿದ್ದು, ಒತ್ತಿದರೆ ತಗ್ಗು ಬೀಳಬೇಕು. ಆ ಹೊತ್ತಿಗೆ ತೆಗೆದು, ಟ್ರೇ ಮೇಲೆಯೇ ಎಂಟು ಹತ್ತು ನಿಮಿಷ ಬಿಟ್ಟರೆ ಟ್ರೇಯ ಕಾವಿನಲ್ಲಿ ನಡುಭಾಗ ತಾನೇ ಬೆಂದು ನಿಲ್ಲುತ್ತದೆ. ಓವನ್ನಿನೊಳಗೇ ಗಟ್ಟಿಯಾಗುವವರೆಗೆ ಕಾದರೆ ಆರಿದ ಮೇಲೆ ಅದು ಅಂಗಡಿಯ ಬಿಸ್ಕೆಟೇ. ನಾವು ದೋಸೆ, ರೊಟ್ಟಿಗೆ ಕಣ್ಣು ಪಳಗಿಸಿಕೊಂಡವರು, ಪೂರ್ತಿ ಬೆಂದ ಮೇಲೇ ಇಳಿಸುವ ಅಭ್ಯಾಸ. ಇಲ್ಲಿ ಆ ಅಭ್ಯಾಸವನ್ನು ಸ್ವಲ್ಪ ಬಿಟ್ಟುಕೊಡಬೇಕು.

ಓವನ್ ಇಲ್ಲದವರು ನಿರಾಶರಾಗಬೇಡಿ. ದಪ್ಪ ತಳದ ಹಳೆಯ ಬಾಣಲೆಗೆ ಒಂದು ಅಂಗುಲ ಕಲ್ಲುಪ್ಪು ಹಾಸಿ, ಮೇಲೆ ಸಣ್ಣ ಸ್ಟ್ಯಾಂಡ್ ಇಟ್ಟು, ಬಿಗಿ ಮುಚ್ಚಳ ಹಾಕಿ, ಮಧ್ಯಮ ಉರಿಯಲ್ಲಿ ಹತ್ತು ನಿಮಿಷ ಕಾಯಿಸಿ. ಕುಕಿಯ ತಟ್ಟೆ ಒಳಗಿಟ್ಟು ಸಣ್ಣ ಉರಿಯಲ್ಲಿ ಹದಿನೆಂಟು, ಇಪ್ಪತ್ತು ನಿಮಿಷ ಬಿಡಿ. ಕುಕ್ಕರನ್ನೇ ಬಳಸುವುದಾದರೆ ಗ್ಯಾಸ್ಕೆಟ್ಟು, ಸೀಟಿ ಎರಡನ್ನೂ ತೆಗೆದಿಡಿ. ಮೇಲ್ಭಾಗಕ್ಕೆ ಬಣ್ಣ ಬರುವುದಿಲ್ಲ, ರುಚಿಗೆ ಕೊರತೆಯಿಲ್ಲ. ಆ ಉಪ್ಪನ್ನು ಆರಿಸಿ ಡಬ್ಬಿಯಲ್ಲಿಟ್ಟರೆ ಮುಂದಿನ ಸಲಕ್ಕೂ ಬರುತ್ತದೆ, ಅಡುಗೆಗೆ ಮಾತ್ರ ಬೇಡ. ಕರೆಂಟಿನ ಖರ್ಚಿಗೆ ಹೆದರಿ ಓವನ್ ಮುಚ್ಚಿಟ್ಟವರಿಗೂ ಒಂದು ಮಾತು. ಮನೆಯ ಓಟಿಜಿ ಓವನ್ ಸುಮಾರು 1200, 1500 ವ್ಯಾಟಿನದು. ಕಾಯಿಸುವುದೂ ಸೇರಿ ಎರಡು ಟ್ರೇ ಬೇಯಿಸಲು ಒಂದು ಯೂನಿಟ್ಟಿನ ಆಸುಪಾಸು ಸಾಕು.

ಗೋಧಿಹಿಟ್ಟಿನಲ್ಲಿ ಕಾಲು ಭಾಗ ತೆಗೆದು ಬಾಳೆಕಾಯಿ ಹುಡಿ ಹಾಕಿಯೂ ಮಾಡಬಹುದು. ‘ಬಾಕಾಹು’ ಎಂಬ ಹೆಸರಿನಲ್ಲಿ ಅದು 2021ರಲ್ಲಿ ನಮ್ಮ ನಾಡಿನಲ್ಲಿ ಒಂದು ಚಳವಳಿಯಂತೆಯೇ ನಡೆಯಿತು. ಕೊರೋನಾ ಕಾಲದಲ್ಲಿ ಬಾಳೆಗೆ ಬೆಲೆಯಿಲ್ಲದೆ ರೈತರು ಕೈಚೆಲ್ಲಿ ಕೂತಿದ್ದಾಗ, ಅಡಿಕೆ ಪತ್ರಿಕೆಯ ಸಂಪಾದಕ ಶ್ರೀಪಡ್ರೆಯವರು ಅದಕ್ಕೆ ಒತ್ತಾಸೆಯಾಗಿ ನಿಂತರು. ಉತ್ತರ ಕನ್ನಡ, ದಕ್ಷಿಣ ಕನ್ನಡದ ಹೆಣ್ಣುಮಕ್ಕಳು ಬಾಳೆಕಾಯಿ ಒಣಗಿಸಿ ಪುಡಿ ಮಾಡಿ ಅದರಿಂದ ದೋಸೆ, ಗುಲಾಬ್ ಜಾಮೂನು ಎಲ್ಲ ಮಾಡಿ ತೋರಿಸಿದರು. ಅದೇ ವರ್ಷದ ಜುಲೈಯಲ್ಲಿ ಪ್ರಧಾನಿಯವರ ಬಾನುಲಿ ಮಾತಿನಲ್ಲೂ ಆ ಕೆಲಸದ ಪ್ರಸ್ತಾಪ ಬಂತು. ಬಾಳೆಕಾಯಿ ಹುಡಿ ಹಾಕಿದ ಹಿಟ್ಟು ನೀರು ಜಾಸ್ತಿ ಕುಡಿಯುತ್ತದೆ, ಒಂದೆರಡು ಚಮಚ ಹಾಲು ಸೇರಿಸಿಕೊಳ್ಳಿ.

ಈಗ ಆರೋಗ್ಯದ ಮಾತು. ಓಟ್ಸ್ ಹಾಕಿದೆ ಎಂದಮಾತ್ರಕ್ಕೆ ಕುಕಿ ಔಷಧವಾಗುವುದಿಲ್ಲ. ಓಟ್ಸಿನ ಬೀಟಾ ಗ್ಲೂಕನ್ ಎಂಬ ನಾರು ಕೊಲೆಸ್ಟರಾಲ್ ಇಳಿಸಲು ನೆರವಾಗುತ್ತದೆ ಎಂಬುದು ನಿಜ. ಅಮೆರಿಕದ ಆಹಾರ ಮತ್ತು ಔಷಧ ಇಲಾಖೆ 1997ರಲ್ಲೇ ಪೊಟ್ಟಣದ ಮೇಲೆ ಹಾಗೆ ಹೇಳಲು ಅನುಮತಿ ಕೊಟ್ಟಿತು. ಆದರೆ ಅದಕ್ಕೆ ದಿನಕ್ಕೆ ಮೂರು ಗ್ರಾಂ ಬೀಟಾ ಗ್ಲೂಕನ್ ಬೇಕು, ಎಂದರೆ ಹತ್ತಿರ ಹತ್ತಿರ 75 ಗ್ರಾಂ ಓಟ್ಸ್. ನಮ್ಮ ಅಳತೆಯ ಒಂದು ಕುಕಿಯಲ್ಲಿ ಇರುವುದು ಏಳೂವರೆ ಗ್ರಾಂ. ಅಷ್ಟು ಓಟ್ಸ್ ಹೊಟ್ಟೆಗೆ ಸೇರಲು ಹತ್ತು ಕುಕಿ ತಿನ್ನಬೇಕು. ಜೊತೆಗೆ 50 ಗ್ರಾಂ ಬೆಣ್ಣೆ, 50 ಗ್ರಾಂ ಬೆಲ್ಲವೂ ಹೋಗುತ್ತದೆ. ಕೊಲೆಸ್ಟರಾಲಿಗೆ ಓಟ್ಸ್ ಬೇಕಿದ್ದವರು ಗಂಜಿ ಮಾಡಿ ಕುಡಿಯಲಿ. ಸಕ್ಕರೆ ಕಾಯಿಲೆಯವರಿಗೆ ಬೆಲ್ಲವೂ ಸಕ್ಕರೆಯೇ, ಒಣಹಣ್ಣೂ ಸಿಹಿಯೇ. ಅವರು ತಮ್ಮ ಡಾಕ್ಟರನ್ನು ಕೇಳಿಯೇ ತಿನ್ನಬೇಕು. ಕುಕಿ ಒಂದು ಸಿಹಿತಿಂಡಿ. ಒಳ್ಳೆಯ ಸಾಮಾನಿನಿಂದ ಮಾಡಿದ್ದು, ಒಂದೆರಡು ತಿಂದು ಸಂತೋಷಪಡಬೇಕಾದದ್ದು.

ಅಂಗಡಿಯಿಂದ ತರುವಾಗಲೂ ಪೊಟ್ಟಣದ ಹಿಂಭಾಗ ಓದಿ. ಬಳಸಿದ ಸಾಮಾನುಗಳನ್ನು ತೂಕದ ಇಳಿಕೆಯ ಕ್ರಮದಲ್ಲಿ ಬರೆಯಬೇಕೆಂಬುದು ನಮ್ಮ ದೇಶದ ನಿಯಮ. ಮುಂದೆ ದೊಡ್ಡದಾಗಿ ಓಟ್ಸಿನ ಚಿತ್ರವಿದ್ದು, ಹಿಂದಿನ ಪಟ್ಟಿಯಲ್ಲಿ ಮೈದಾ, ಸಕ್ಕರೆ, ಪಾಮ್ ಎಣ್ಣೆಗಳ ನಂತರ ಓಟ್ಸಿನ ಹೆಸರು ಬಂದರೆ, ಒಳಗೆ ಏನು ಹೆಚ್ಚಿದೆ ಎಂಬುದು ನಿಮಗೇ ತಿಳಿಯುತ್ತದೆ.

ಕೊನೆಗೆ ಇಟ್ಟುಕೊಳ್ಳುವ ಕ್ರಮ. ಜೂನಿನಿಂದ ಸೆಪ್ಟೆಂಬರವರೆಗೆ ನಮ್ಮ ಮುಂಬಯಿಯ ಗಾಳಿಯೇ ನೀರು. ಹಣ್ಣಿನ ಕುಕಿಯನ್ನು ಆ ದಿನಗಳಲ್ಲಿ ಹೊರಗೆ ಎರಡು ದಿನಕ್ಕಿಂತ ಹೆಚ್ಚು ಇಡಬೇಡಿ. ಪೂರ್ತಿ ಆರಿದ ಮೇಲೆ ಮುಚ್ಚಳ ಬಿಗಿಯಾದ ಡಬ್ಬಿಯಲ್ಲಿ ಹಾಕಿ ಫ್ರಿಜ್ಜಿನಲ್ಲಿಟ್ಟರೆ ಐದಾರು ದಿನ ಬರುತ್ತದೆ. ಬಿಸಿ ಇರುವಾಗಲೇ ಮುಚ್ಚಿದರೆ ಹಬೆ ನೀರಾಗಿ ಬೂಸಲು ಹಿಡಿಯುವುದು ಖಂಡಿತ. ಇದಕ್ಕಿಂತ ಒಳ್ಳೆಯ ದಾರಿ ಇನ್ನೊಂದಿದೆ. ಇಪ್ಪತ್ತನ್ನೂ ಒಂದೇ ದಿನ ಬೇಯಿಸಬೇಡಿ. ತಟ್ಟಿದ ಹಸಿ ಉಂಡೆಗಳನ್ನು ತಟ್ಟೆಯಲ್ಲಿಟ್ಟು ಫ್ರೀಜರಿನಲ್ಲಿ ಗಟ್ಟಿ ಮಾಡಿ, ಆಮೇಲೆ ಡಬ್ಬಿಗೆ ತುಂಬಿ. ಒಂದು ತಿಂಗಳು ಕೆಡುವುದಿಲ್ಲ. ಬೇಕಾದಾಗ ಬೇಕಾದಷ್ಟೇ ತೆಗೆದು, ಎರಡು ನಿಮಿಷ ಹೆಚ್ಚು ಬೇಯಿಸಿದರಾಯಿತು. ಮಕ್ಕಳು ಶಾಲೆಯಿಂದ ಬರುವ ಹೊತ್ತಿಗೆ, ಮಗ ಸೊಸೆ ಚರ್ಚ್‌ಗೇಟಿನಿಂದ ಲೋಕಲ್ಲಿನಲ್ಲಿ ನಿಂತೇ ಬಂದು ಮನೆ ಸೇರುವ ಹೊತ್ತಿಗೆ, ಬಿಸಿಬಿಸಿಯಾಗಿ ಕೊಡಬಹುದು.

ಮನೆಯಲ್ಲಿ ಹಿರಿಯರಿದ್ದವರು ಈ ವಾರವೇ ಒಮ್ಮೆ ಮಾಡಿ ನೋಡಿ. ಹೊಸದಾಗಿ ಮಾಡುವವರು ಮೊದಲ ಟ್ರೇಯಲ್ಲಿ ಆರೇ ಆರು ಕುಕಿ ಇಡಿ, ಹದಿಮೂರನೇ ನಿಮಿಷಕ್ಕೆ ಮೂರನ್ನು ತೆಗೆಯಿರಿ, ಹದಿನೈದಕ್ಕೆ ಉಳಿದ ಮೂರನ್ನು. ಆರಿದ ಮೇಲೆ ಎರಡನ್ನೂ ಮುರಿದು ನೋಡಿ, ನಿಮ್ಮ ಓವನ್ನಿಗೆ ಯಾವುದು ಸರಿ ಎಂದು ಗೊತ್ತಾಗುತ್ತದೆ. ಆ ಹೊತ್ತನ್ನು ಒಂದು ಚೀಟಿಯಲ್ಲಿ ಬರೆದು ಓವನ್ನಿನ ಪಕ್ಕಕ್ಕೆ ಅಂಟಿಸಿಬಿಡಿ.